ಮಾರಮ್ಮನ ಗುಡಿಯಿಂದ ಸರಿಗಮಪಕ್ಕೆ

2020ರಲ್ಲಿ ಜೀ ಕನ್ನಡದ ‘ಸರಿಗಮಪ’ ನೋಡಿದವರಿಗೆ ನಮ್ಮ ಪಕ್ಕದ ಮಧುಗಿರಿ ತಾಲ್ಲೂಕಿನ ಅಕ್ಕ-ತಂಗಿ ನೆನಪಿರಬಹುದು. ರತ್ನಮ್ಮ, ಮಂಜಮ್ಮ. ಡಿ.ವಿ. ಹಳ್ಳಿಯವರು. ಇಬ್ಬರಿಗೂ ಕಣ್ಣು ಕಾಣದು. ಮಧುಗಿರಿಯ ದಂಡಿನ ಮಾರಮ್ಮನ ಗುಡಿ ಮುಂದೆ ಹಾಡಿ, ಭಕ್ತರು ಕೊಟ್ಟ ಕಾಸಿನಲ್ಲಿ ಸಂಸಾರ ನಡೆಸುತ್ತಿದ್ದರು. ಅದನ್ನು ಭಿಕ್ಷೆ ಅನ್ನೋರು ಇದ್ದಾರೆ. ನಾನಂತೂ ಕಸುಬು ಅಂತೀನಿ. ಗಂಟೆ, ತಮಟೆ, ಜನರ ಗಲಾಟೆ ನಡುವೆ ಹೋಗೋರನ್ನು ನಿಲ್ಲಿಸಿ ಕೇಳಿಸೋದು ಸುಲಭವಾ?

ಹಂಸಲೇಖ, ವಿಜಯ್ ಪ್ರಕಾಶ್, ಅರ್ಜುನ್ ಜನ್ಯ ಇದ್ದ ವೇದಿಕೆ ಅದು. ಆದರೆ ಅಲ್ಲಿ ಹಾಡಿಗಿಂತ ಕಷ್ಟದ ಕಥೆಯೇ ಜಾಸ್ತಿ ಓಡಿತು ಅನ್ನೋದು ನನ್ನ ತಕರಾರು. ಟಿವಿಗೆ ಕಣ್ಣೀರು ಬೇಕು.

ಹಾಗಂತ ಟಿವಿಯಿಂದ ಏನೂ ಆಗಲಿಲ್ಲ ಅನ್ನೋಕಾಗಲ್ಲ. ಇವರ ಸ್ಥಿತಿ ಕಂಡ ನಟ ಜಗ್ಗೇಶ್ ಮನೆ ಕಟ್ಟಿಸಿಕೊಟ್ಟರು. ಆ ವರ್ಷದ ಮಾರ್ಚ್‌ನಲ್ಲೇ ಲಾಕ್‌ಡೌನ್ ಬಂತು. ಶೂಟಿಂಗ್ ನಿಂತಿತು. ಗುಡಿಗಳ ಬಾಗಿಲು ಮುಚ್ಚಿದ್ದು ತೆರೆದದ್ದು ಜೂನ್ 8ಕ್ಕೆ. ಭಕ್ತರೇ ಇಲ್ಲದ ಗುಡಿ ಮುಂದೆ ಯಾರಿಗಂತ ಹಾಡೋದು? ಟಿವಿಯಲ್ಲಿ ಬಂದ ಹೆಸರಿಗೆ ಅಂಗಡಿಯಲ್ಲಿ ಅಕ್ಕಿ, ರಾಗಿ ಕೊಡಲ್ಲ. ತಲೆ ಮೇಲೆ ಸೂರಾದರೂ ಇತ್ತು.