ಪುಲ್ಕೋವೋ ಗುಡ್ಡದಲ್ಲಿ ಕಾಲವನ್ನು ತಕ್ಕಡಿಗೆ ಹಾಕಿದವನು

ಸೇಂಟ್ ಪೀಟರ್ಸ್‌ಬರ್ಗ್‌ನ ಮೊಸ್ಕೋವ್‌ಸ್ಕಾಯಾ ಮೆಟ್ರೊ ನಿಲ್ದಾಣದಿಂದ ದಕ್ಷಿಣಕ್ಕೆ ಬಸ್ಸು ಹಿಡಿದರೆ ಊರು ಮುಗಿದು ಬಯಲು ಬರುತ್ತದೆ, ಬಯಲಿನಲ್ಲಿ ಪುಲ್ಕೋವೋ ಗುಡ್ಡ. ಸಮುದ್ರಮಟ್ಟದಿಂದ ಸುಮಾರು 75 ಮೀಟರ್ ಅಷ್ಟೇ. ಮಲೆನಾಡಿನವರು ಇದನ್ನು ದಿಬ್ಬ ಎಂದೂ ಕರೆಯಲಾರರು. ಆದರೆ 1839ರಲ್ಲಿ ಇದರ ನೆತ್ತಿಯ ಮೇಲೆ ವೀಕ್ಷಣಾಲಯ ಎದ್ದಮೇಲೆ ರಷ್ಯಾದ ನಕ್ಷೆಗಳು ರೇಖಾಂಶವನ್ನು ಎಣಿಸತೊಡಗಿದ್ದು ಇಲ್ಲಿನ ದುಂಡು ಸಭಾಂಗಣದಿಂದಲೇ. ಎರಡನೆಯ ಮಹಾಯುದ್ಧದಲ್ಲಿ ರಣರಂಗ ಈ ಗುಡ್ಡದ ಬುಡಕ್ಕೇ ಬಂದು ಕಟ್ಟಡಗಳೆಲ್ಲ ನೆಲಸಮವಾದವು. ಈಗ ಕಾಣುವ ಬಿಳಿ ಗೋಪುರಗಳನ್ನು ಮತ್ತೆ ಕಟ್ಟಿ 1954ರಲ್ಲಿ ತೆರೆದರು. ಪಕ್ಕದಲ್ಲೇ ವಿಮಾನ ನಿಲ್ದಾಣ. ತಲೆಯ ಮೇಲೆ ಸದಾ ಮೊರೆತ.

ನನ್ನನ್ನು ಇಲ್ಲಿಗೆ ಎಳೆತಂದದ್ದು ದೂರದರ್ಶಕವಲ್ಲ, ಖಗೋಳಜ್ಞ ನಿಕೊಲಾಯ್ ಕೋಝಿರೆವ್. ಕಾಲಕ್ಕೆ ಶಕ್ತಿಯುಂಟು, ಅದನ್ನು ಅಳೆಯಬಹುದು ಎಂದು ಹೇಳಿ, ಅಳೆದೇ ತೋರಿಸುತ್ತೇನೆಂದು ಹೊರಟವನು.

ಹುಚ್ಚನೆಂದು ತಳ್ಳಿಹಾಕುವಂಥ ಆಸಾಮಿಯಲ್ಲ. 1934ರಲ್ಲಿ ನಕ್ಷತ್ರಗಳ ವಿಸ್ತೃತ ವಾತಾವರಣದ ಬಗ್ಗೆ ಆತ ಬರೆದ ಪ್ರಬಂಧವನ್ನು, ಅದೇ ವಿಷಯದಲ್ಲಿ ದುಡಿಯುತ್ತಿದ್ದ ನಮ್ಮ ಸುಬ್ರಹ್ಮಣ್ಯನ್ ಚಂದ್ರಶೇಖರ್ ಹೆಸರಿನ ಜೊತೆಗೇ ಖಗೋಳಜ್ಞರು ನೆನೆಯುತ್ತಾರೆ. ಅದೇ ವರ್ಷ ಚಂದ್ರಶೇಖರ್ ಪುಲ್ಕೋವೋಗೆ ಬಂದು ಉಪನ್ಯಾಸವನ್ನೂ ಕೊಟ್ಟಿದ್ದರು. ಎರಡು ವರ್ಷ ಕಳೆದು, 1936ರ ನವೆಂಬರಿನಲ್ಲಿ, ಸ್ಟಾಲಿನ್‌ನ ಪೊಲೀಸರು ಕೋಝಿರೆವ್‌ನನ್ನು ಹಿಡಿದರು. ಹತ್ತು ವರ್ಷ ಸೆರೆಮನೆ, ಶಿಬಿರ, ನೊರಿಲ್ಸ್ಕ್‌ನ ಹಿಮ. ಒಂಟಿ ಕೋಣೆಯಲ್ಲಿ ಲೆಕ್ಕ ಮುಂದೆ ಸಾಗದೆ ಅಂಕಿಅಂಶಕ್ಕಾಗಿ ಹಂಬಲಿಸುತ್ತಿದ್ದಾಗ, ಜೈಲಿನ ಪುಸ್ತಕ ಹಂಚುವವನು ತಾನಾಗಿಯೇ ಒಂದು ಖಭೌತ ಗ್ರಂಥವನ್ನು ಒಳಗೆ ತಳ್ಳಿದ ಕಥೆಯನ್ನು ಸೋಲ್ಝೆನಿತ್ಸಿನ್ ಬರೆದಿಟ್ಟಿದ್ದಾರೆ.

ಬಿಡುಗಡೆಯಾಗಿ ಬಂದಮೇಲೆ, 1958ರಲ್ಲಿ, ಆತನ ಪುಸ್ತಕ ಹೊರಬಂತು: ಕಾರಣ-ಪರಿಣಾಮಗಳ ಯಂತ್ರಶಾಸ್ತ್ರ, 'ರೇಖೀಯ ಅಂದಾಜಿನಲ್ಲಿ'. ವಾದ ಹೀಗೆ: ಕಾರಣ ಮತ್ತು ಪರಿಣಾಮದ ನಡುವೆ ಅತಿ ಸಣ್ಣದಾದರೂ ಒಂದು ಅಂತರವಿದೆ, ಅದನ್ನು ದಾಟುವುದೇ ಕಾಲದ ನಡಿಗೆ, ಆ ನಡಿಗೆಗೆ ಒಂದು ನಿಶ್ಚಿತ ವೇಗವುಂಟು. ನಕ್ಷತ್ರಗಳು ಉರಿಯುವುದೂ ಕಾಲದಿಂದಲೇ. ಓದುತ್ತ ಹೋದರೆ ಪುರಾಣದ ರುಚಿ ಹತ್ತುತ್ತದೆ, ನನಗೂ ಹತ್ತಿತ್ತು.

ಸಾಕ್ಷಿಗೆಂದು ಆತ ಕಟ್ಟಿದ ಉಪಕರಣ ಮಾತ್ರ ತೀರ ಸರಳ. ಒಂದು ತೂಕದ ದಂಡ, ಒಂದು ತುದಿಯಲ್ಲಿ ಬಟ್ಟು, ಇನ್ನೊಂದರಲ್ಲಿ ಭಾರ ಅಥವಾ ಗಿರಗಿರ ತಿರುಗುವ ಗೈರೊಸ್ಕೋಪು. ಸುಮ್ಮನಿದ್ದಾಗ ಏನೂ ಇಲ್ಲ. ಮೋಟಾರಿನಿಂದ ಕಂಪನ ಕೊಟ್ಟರೆ ಮುಳ್ಳು ಒಂದಿಷ್ಟು ವಾಲಿ ನಿಲ್ಲುತ್ತದೆ; ಒಟ್ಟು ತೂಕದ ಲಕ್ಷದಲ್ಲೊಂದು ಪಾಲಿನ ಆಸುಪಾಸು. ಅದೂ ಹಂತಹಂತವಾಗಿ: ಒಂದು ಮಿತಿ ದಾಟಿದೊಡನೆ ಜಿಗಿತ, ಆಮೇಲೆ ಸ್ಥಿರ, ಮತ್ತೆ ಜಿಗಿತ. ಇದು ಕಾಲದ ಒತ್ತಡವೇ ಎಂದ ಕೋಝಿರೆವ್.

ನನಗೆ ಕುತೂಹಲ ಕೆರಳಿಸಿದ್ದು ಆ ಜಿಗಿತ. ರೇಖೀಯ ಆಂದೋಲನ ಹಾಗೆ ಜಿಗಿಯುವುದಿಲ್ಲ; ಒತ್ತು ಎರಡರಷ್ಟಾದರೆ ತೂಗಾಟವೂ ಎರಡರಷ್ಟು, ನಡುವಿನ ಬಿಂದು ಕದಲುವುದಿಲ್ಲ. ಆದರೆ ಇಂಥ ತಕ್ಕಡಿಗಳನ್ನು ಹಿಡಿದಿಡುವ ರಬ್ಬರು, ಸ್ಪ್ರಿಂಗು, ಚೂಪು ಅಂಚಿನ ಆಧಾರ ಇವು ಯಾವುವೂ ಮೇಲಕ್ಕೆ ಎಳೆದಾಗ, ಕೆಳಕ್ಕೆ ಒತ್ತಿದಾಗ ಒಂದೇ ರೀತಿ ಮಣಿಯುವುದಿಲ್ಲ. ಅಲುಗಿಸುತ್ತಿದ್ದರೆ ಸರಾಸರಿ ಸ್ಥಾನವೇ ಪಕ್ಕಕ್ಕೆ ಸರಿಯುತ್ತದೆ; ಇಂಥ ಕಂಪನವೇ ಅರೇಖೀಯ. ಸಂತೆಯಲ್ಲಿ ಕೈಯಾಡುತ್ತಲೇ ತಕ್ಕಡಿ ಹಿಡಿದವನ ಮುಳ್ಳನ್ನು ನಂಬಿ ಕಾಸು ಕೊಡುವವರುಂಟೇ?

ಈ ಅರೇಖೀಯ ಕಂಪನದ ಗಾರುಡಿಯನ್ನು ಚೆನ್ನಾಗಿ ಬಲ್ಲವರು ಮಾಸ್ಕೋದಲ್ಲೇ ಇದ್ದರು. 1951ರಲ್ಲಿ ಭೌತವಿಜ್ಞಾನಿ ಪ್ಯೋತ್ರ್ ಕಪಿತ್ಸಾ ಒಂದು ಲೋಲಕದ ಸಿದ್ಧಾಂತ ಬರೆದರು: ತೂಗುಬಿಂದುವನ್ನು ವೇಗವಾಗಿ ಮೇಲೆ-ಕೆಳಗೆ ನಡುಗಿಸಿದರೆ ಲೋಲಕ ತಲೆಕೆಳಗಾಗಿ, ಗುಂಡು ಮೇಲಾಗಿ, ಬೀಳದೆ ನಿಲ್ಲುತ್ತದೆ. 20 ಸೆಂಟಿಮೀಟರ್ ಉದ್ದದ ಲೋಲಕಕ್ಕೆ 1 ಸೆಂಟಿಮೀಟರ್ ವಿಸ್ತಾರದಲ್ಲಿ ಸೆಕೆಂಡಿಗೆ 32 ಸಲ ನಡುಗಿಸಿದರೆ ಸಾಕು. ನೋಡಿದವರಿಗೆ ಪವಾಡ, ಲೆಕ್ಕ ಹಾಕಿದವರಿಗೆ ಶುದ್ಧ ನ್ಯೂಟನ್. 1959ರ ನವೆಂಬರಿನಲ್ಲಿ ಕೋಝಿರೆವ್ ಸುತ್ತ ಎದ್ದ ಪತ್ರಿಕಾ ಗದ್ದಲವನ್ನು ಟೀಕಿಸಿ 'ಪ್ರಾವ್ದಾ' ಪತ್ರಿಕೆಯಲ್ಲಿ ಬರೆದ ಮೂವರಲ್ಲಿ, ಭೌತವಿಜ್ಞಾನಿಗಳಾದ ಆರ್ಟ್ಸಿಮೊವಿಚ್ ಮತ್ತು ತಮ್ ಜೊತೆಗೆ, ಇದೇ ಕಪಿತ್ಸಾ ಇದ್ದರು. ಮರುವರ್ಷ ವಿಜ್ಞಾನ ಅಕಾಡೆಮಿ ನೇಮಿಸಿದ ತಜ್ಞರೂ ಕಾಲದ ಒತ್ತಡ ಸಾಬೀತಾಗಿಲ್ಲ ಎಂದರು.

ಆದರೂ ಆತ ಬಗ್ಗಲಿಲ್ಲ. ಮುಂದೆ ದೂರದರ್ಶಕದ ಬಾಯಿಗೆ ಮುಚ್ಚಳ ಹಾಕಿ, ನಕ್ಷತ್ರ ಈಗ ಕಾಣುವ ಜಾಗದಿಂದ ಮಾತ್ರವಲ್ಲ, ಅದು ನಿಜಕ್ಕೂ ಇರುವ ಜಾಗದಿಂದಲೂ ಸೂಚನೆ ಸಿಕ್ಕಿತೆಂದು ಬರೆದ. ಇಷ್ಟಾದರೂ ಬರೀ ಕನಸುಗಾರನೆಂದು ನಗುವಂತಿಲ್ಲ. 1958ರ ನವೆಂಬರ್ 3ರಂದು ಕ್ರಿಮಿಯಾದಲ್ಲಿ, ಚಂದ್ರನ ಆಲ್ಫೋನ್ಸಸ್ ಕುಳಿಯಿಂದ ಅನಿಲ ಹೊಮ್ಮುವಂತೆ ತೋರುವ ರೋಹಿತವನ್ನು ಸೆರೆಹಿಡಿದವನೂ ಈತನೇ. ಅದಕ್ಕೆ ಅಂತರರಾಷ್ಟ್ರೀಯ ಗಗನಯಾನ ಅಕಾಡೆಮಿಯ ಚಿನ್ನದ ಪದಕ ಬಂತು.

ಪುಲ್ಕೋವೋ ವೀಕ್ಷಣಾಲಯಕ್ಕೆ ಹೊಂದಿಕೊಂಡೇ ಖಗೋಳಜ್ಞರ ಸ್ಮಶಾನವಿದೆ. 1983ರಲ್ಲಿ ತೀರಿಕೊಂಡ ಕೋಝಿರೆವ್‌ನ ಸಮಾಧಿಯೂ ಅಲ್ಲೇ. ತಿರುಗುವ ಗೈರೊಸ್ಕೋಪು ಹಗುರವಾಗುತ್ತದೆಂದು 1989ರಲ್ಲಿ ಜಪಾನಿನ ಇಬ್ಬರು ಸಂಶೋಧಕರು ಮತ್ತೆ ಹೇಳಿದರು. ಮರುವರ್ಷವೇ ಅಮೆರಿಕದ ಪ್ರಯೋಗಾಲಯಗಳು ಅಳೆದು ನೋಡಿದವು, ತೂಕ ಇಳಿದಿರಲಿಲ್ಲ. ಪದಕ ಬಂದದ್ದು ಚಂದ್ರನಿಗೆ. ಕಾಲಕ್ಕೆ ತೂಕವಿದೆ ಎಂಬ ಮಾತಿಗೆ ಇವತ್ತಿಗೂ ಒಪ್ಪಿತ ಪುರಾವೆಯಿಲ್ಲ.