ಕನಸಿನ ಗಿಡಗಳ ಮೇಷ್ಟ್ರು

ಸಸ್ಯಶಾಸ್ತ್ರಜ್ಞ ಬಿ.ಜಿ.ಎಲ್. ಸ್ವಾಮಿಯವರು 'ನಮ್ಮ ಹೊಟ್ಟೆಯಲ್ಲಿ ದಕ್ಷಿಣ ಅಮೆರಿಕ' ಬರೆದು, ನಮ್ಮ ಸಾರು-ಪಲ್ಯಗಳೊಳಗೆ ಅಡಗಿದ್ದ ಪರದೇಶಿ ಗಿಡಗಳನ್ನೆಲ್ಲ ಹಿಡಿದುಕೊಟ್ಟರು. ಹೊಟ್ಟೆಯ ಲೆಕ್ಕ ಅಲ್ಲಿಗೆ ಚುಕ್ತಾ ಆಯಿತು. ನಿದ್ದೆಯ ಲೆಕ್ಕ ಬಾಕಿ ಉಳಿಯಿತು. ಯಾವ ಗಿಡ ನಮಗೆ ಕನಸು ಬೀಳಿಸುತ್ತದೆ, ಯಾವುದು ಹೆದರಿಸುತ್ತದೆ, ಯಾವುದು ಅಳಿಸುತ್ತದೆ? ಈ ಕೆಲಸಕ್ಕೆಂದೇ ನಾನೊಬ್ಬ ಸಸ್ಯಶಾಸ್ತ್ರಜ್ಞರನ್ನು ಕಲ್ಪಿಸಿಕೊಂಡಿದ್ದೇನೆ. ಕಲ್ಪನೆಯ ಮನುಷ್ಯರಿಗೆ ಸಂಬಳ ಕೊಡಬೇಕಾಗಿಲ್ಲ. ಹೆಸರೂ ಇಟ್ಟಿಲ್ಲ, ಮೇಷ್ಟ್ರು ಅಂದರೆ ಸಾಕು. ಹೆಗಲಿಗೊಂದು ಚೀಲ, ಕೈಯಲ್ಲಿ ಭೂತಗನ್ನಡಿ. ಕಾರ್ಯಕ್ಷೇತ್ರ ಮಳವಳ್ಳಿ, ಮದ್ದೂರು, ಮಂಡ್ಯ.

ಮೇಷ್ಟ್ರು ಮೊದಲು ಎಲ್ಲರೂ ಹುಡುಕುವ ಕಡೆಯೇ ಹುಡುಕಿದರು. ಮಳವಳ್ಳಿ ಕಡೆಯ ತಿಪ್ಪೆ ಮಗ್ಗುಲಲ್ಲಿ ಉಮ್ಮತ್ತಿ ಸಿಕ್ಕಿತು. ಶಿವನಿಗೆ ಪ್ರಿಯ, ಮಕ್ಕಳಿಗೆ ನಿಷಿದ್ಧ. ಅದರ ಬೀಜದಲ್ಲಿರುವ ಅಟ್ರೋಪಿನ್, ಸ್ಕೋಪೊಲಮಿನ್‌ಗಳು ಕಣ್ಣುಪಾಪೆ ಅರಳಿಸಿ, ಬಾಯಿ ಒಣಗಿಸಿ, ಇಲ್ಲದವರ ಜೊತೆ ಮಾತಾಡಿಸುತ್ತವೆ. ಹೆಚ್ಚಾದರೆ ಜೀವವನ್ನೂ ತೆಗೆಯುತ್ತವೆ. ಅದನ್ನು ಕನಸು ಅನ್ನಲು ಮೇಷ್ಟ್ರಿಗೆ ಮನಸ್ಸು ಬರಲಿಲ್ಲ. ಸರ್ಪಗಂಧದ ಕಥೆ ಇನ್ನೂ ವಿಚಿತ್ರ. 1952ರಲ್ಲಿ ಅದರ ಬೇರಿನಿಂದ ರಿಸರ್ಪಿನ್ ಎಂಬ ಮದ್ದನ್ನು ಬೇರ್ಪಡಿಸಿದರು. ರಕ್ತದೊತ್ತಡ ಇಳಿಸಲು ಅದನ್ನು ನುಂಗಿದವರಲ್ಲಿ ಕೆಲವರು ಕಾರಣವೇ ಇಲ್ಲದೆ ಮಂಕಾದರು. ದುಃಖಕ್ಕೆ ಮಿದುಳಿನ ರಸಾಯನಗಳೂ ಕಾರಣವಿರಬಹುದೆಂಬ ವಿಚಾರ ಬೆಳೆಯಲು ಆ ಮಂಕೂ ಒಂದು ಮೆಟ್ಟಿಲಾಯಿತು. ಇನ್ನು ಮದುವೆಮನೆಯ ಗಸಗಸೆ ಪಾಯಸ: ಬೀಜದಲ್ಲಿ ಅಫೀಮಿನ ಅಂಶ ಇಲ್ಲವೆನ್ನುವಷ್ಟು ಕಡಿಮೆ. ಉಂಡವರು ಛತ್ರದ ಜಮಖಾನದ ಮೇಲೆ ಉರುಳುವುದಕ್ಕೆ ಅದರ ಹಿಂದೆ ಹೋದ ನಾಲ್ಕು ಹೋಳಿಗೆಗಳೇ ಹೊಣೆ ಎಂದು ಮೇಷ್ಟ್ರು ಷರಾ ಬರೆದರು.

ಅವರಿಗೆ ತೊಡಕಾಗಿದ್ದು ಹುಣಸೆಮರ. ಸಂಜೆಯಾದರೆ ಅದರ ಎಲೆ ಮಡಚಿಕೊಳ್ಳುತ್ತದೆ; ನೋಡುವವರಿಗೆ ಮರವೇ ಮಲಗಿದಂತೆ. ಇದು ಬರೀ ಬೆಳಕಿನಾಟವಲ್ಲ. 1729ರಲ್ಲಿ ಫ್ರಾನ್ಸಿನ ವಿಜ್ಞಾನಿ ದ ಮೆರಾನ್ ಇಂಥದ್ದೇ ಎಲೆ ಮಡಚುವ ಗಿಡವೊಂದನ್ನು ಕತ್ತಲಲ್ಲಿಟ್ಟು ನೋಡಿದ. ಸೂರ್ಯ ಕಾಣದಿದ್ದರೂ ಅದು ಹೊತ್ತಿಗೆ ಸರಿಯಾಗಿ ಎಲೆ ಬಿಚ್ಚಿತು, ಮುಚ್ಚಿತು. ಗಿಡದೊಳಗೇ ಗಡಿಯಾರವಿದೆ. ಕನಸಿದೆಯೇ? ಮುಟ್ಟಿದರೆ ಮುನಿಯ ಮಿಡಿತವನ್ನು ಯಂತ್ರ ಹೂಡಿ ಅಳೆದ ಜಗದೀಶಚಂದ್ರ ಬೋಸರಿಗೂ ಸಿಕ್ಕಿದ್ದು ವಿದ್ಯುತ್ತಿನ ಸಂಕೇತ, ಕನಸಲ್ಲ.

ಆದರೆ ಹುಣಸೆಯ ಕೆಳಗಿರುವ ನಮ್ಮ ಕಥೆ ಬೇರೆ. ಮಳವಳ್ಳಿ ಸೀಮೆಯ ಹಳ್ಳಿಯಲ್ಲಿ ಕತ್ತಲಾದ ಮೇಲೆ ಹುಣಸೆಮರದಡಿ ಮಲಗುವುದಿರಲಿ, ನಿಂತರೂ ಬೈಗುಳ. ಅಲ್ಲಿ ದೆವ್ವ ಇರುತ್ತದಂತೆ. ಅದೇ ಹುಣಸೆ ಮದ್ದೂರು ತಾಲ್ಲೂಕಿನ ಕೊಕ್ಕರೆಬೆಳ್ಳೂರಿನಲ್ಲಿ ತವರುಮನೆ. ಹೆಜ್ಜಾರ್ಲೆಗಳೂ ಬಣ್ಣದ ಕೊಕ್ಕರೆಗಳೂ ಊರೊಳಗಿನ ಹುಣಸೆಮರಗಳ ಮೇಲೆ ಗೂಡು ಕಟ್ಟಿ ಮರಿಮಾಡುತ್ತವೆ. ಬಾಣಂತನಕ್ಕೆ ಬಂದ ಹೆಣ್ಣುಮಕ್ಕಳು ಅನ್ನುತ್ತಾರೆ ಊರವರು. ಹಿತ್ತಲಿಗೆ ಹಿಕ್ಕೆ ಬಿದ್ದರೂ ಯಾರೂ ಕಲ್ಲೆತ್ತುವುದಿಲ್ಲ. 2007ರಲ್ಲಿ ಆ ಊರು ಸಮುದಾಯ ಮೀಸಲು ಪ್ರದೇಶವಾಯಿತು; ಅಕ್ಕರೆ ಅದಕ್ಕಿಂತ ಬಹಳ ಹಳೆಯದು. ಮರ ಅದೇ, ಹುಳಿ ಅದೇ, ಎಲೆ ಮಡಚುವ ಹೊತ್ತೂ ಅದೇ. ಒಂದು ಕಡೆ ಎದೆ ನಡುಗುತ್ತದೆ, ಇನ್ನೊಂದು ಕಡೆ ಎದೆ ತುಂಬುತ್ತದೆ. ಮದ್ದು ಗಿಡದ ರಸದಲ್ಲಿರುತ್ತದೆ, ಭಾವನೆ ಇರುವುದು ಗಿಡದ ಜೊತೆ ನಾವು ಬಾಳಿದ ಬಾಳಿನಲ್ಲಿ ಎಂದು ಮೇಷ್ಟ್ರಿಗೆ ಹೊಳೆದದ್ದು ಇಲ್ಲಿಯೇ.

ಹೀಗೆ ಹೊಳೆದ ಮೇಲೆ ಭೂತಗನ್ನಡಿ ಚೀಲ ಸೇರಿತು. ಮಂಡ್ಯದಲ್ಲಿ ಮೇಷ್ಟ್ರು ಗದ್ದೆಯ ಬದುವಿನ ಮೇಲೆ ಕೂತು ರೈತರೊಬ್ಬರನ್ನು ಕೇಳಿದರು: "ಗೌಡ್ರೇ, ನಿಮಗೆ ಕನಸು ಬೀಳುತ್ತಾ?"

"ನಿದ್ದೆ ಬಂದ್ರಲ್ವಾ ಸಾಮಿ ಕನಸು? ನಡುರಾತ್ರೀಲಿ ತ್ರೀಫೇಸ್ ಕೊಡ್ತಾರೆ, ಮೋಟ್ರು ಹಾಕಾಕೆ ಹೋಗ್ಬೇಕು. ಕಬ್ಬು ಬ್ಯಾರೆ ಸೂಲಂಗಿ ಹೊಡೀತಾ ಅದೆ, ಕಟಿಂಗ್ ಆರ್ಡ್ರೇ ಬಂದಿಲ್ಲ."

ಮೇಷ್ಟ್ರು ಹುಡುಕುತ್ತಿದ್ದ ಗಿಡ ಬೆನ್ನ ಹಿಂದೆಯೇ ನಿಂತಿತ್ತು. ಕನ್ನಂಬಾಡಿ ಕಟ್ಟೆಯಿಂದ ಹರಿದ ಇರ್ವಿನ್ ನಾಲೆಯ ನೀರು, 1933ರಲ್ಲಿ ಹುಟ್ಟಿದ ಮೈಸೂರು ಸಕ್ಕರೆ ಕಂಪನಿ, ಇವೆರಡೂ ಸೇರಿ ರಾಗಿಯ ಸೀಮೆಯಲ್ಲಿ ಕಬ್ಬು ನಿಲ್ಲಿಸಿದವು. ಅಂದಿನಿಂದ ಮಗಳ ಮದುವೆ, ಮಗನ ಕಾಲೇಜು, ಮನೆಯ ತಾರಸಿ ಎಲ್ಲವೂ ಕಬ್ಬಿನ ಗಣ್ಣುಗಳೊಳಗೇ ಕನಸಾಗಿ ಕಟ್ಟಿಕೊಂಡಿವೆ. ಇಲ್ಲಿ ಮನಸ್ಸನ್ನು ಅಳೆಯುವುದು ಅಡಿಗಳಲ್ಲಿ. ಆ ಕಟ್ಟೆಯ ಗರಿಷ್ಠ ಮಟ್ಟ 124.80 ಅಡಿ ಎಂಬುದು ಇಲ್ಲಿಯ ಮಕ್ಕಳಿಗೂ ಬಾಯಿಪಾಠ. ಕಟ್ಟೆ ತುಂಬಿದ ದಿನ ಟೀ ಅಂಗಡಿಯಲ್ಲಿ ಸಾಲ ಕೇಳಿದವರಿಗೂ ನಗುವಿನ ಉತ್ತರ. ಮಟ್ಟ ಕುಸಿದ ವರ್ಷ ಹೆದ್ದಾರಿಯ ಮೇಲೆ ಧರಣಿ. ಅದರಲ್ಲೂ ನಾಲೆಯ ಕೊನೆ ಭಾಗದ ಮಳವಳ್ಳಿಯವರಿಗೆ ನೀರು ತಲುಪುವುದು ಕಡೆಗೆ, ಆತಂಕ ತಲುಪುವುದು ಮೊದಲು.

ಮೇಷ್ಟ್ರು ಕಬ್ಬಿನ ಗರಿಯೊಂದನ್ನು ಒಣಗಿಸಿ ಹಾಳೆಗೆ ಅಂಟಿಸಿದರು. ಕೆಳಗೆ ಹೀಗೆ ಬರೆದರು. ಗುಣ: ಕಟ್ಟೆ ತುಂಬಿದರೆ ನಿದ್ದೆ ತರಿಸುತ್ತದೆ, ಕಟಾವು ತಡವಾದರೆ ಕೆಡಿಸುತ್ತದೆ. ರುಚಿ: ತಿನ್ನುವವರಿಗೆ ಸಿಹಿ. ಮಾತ್ರೆಯ ಪ್ರಮಾಣ: ಕ್ವಿಂಟಲಿಗೆ ಇಷ್ಟು ದರ ಎಂದು ಕೇಂದ್ರ ಸರ್ಕಾರ ಪ್ರತಿ ವರ್ಷ ನಿಗದಿಪಡಿಸಿದಂತೆ.