ರಾಜಧಾನಿ ಮರೆತ ಸ್ವರಗಳು

ಸಿಯೋಲ್ ನಿಲ್ದಾಣದ ಹಳೆಯ ಕಟ್ಟಡ 1925ರದ್ದು. ಕೆಂಪು ಇಟ್ಟಿಗೆಯ ಗೋಡೆ, ಮೇಲೊಂದು ಗುಮ್ಮಟ. ಜಪಾನಿನ ಆಳ್ವಿಕೆಯಲ್ಲಿ ಎದ್ದದ್ದು. ಈಗ ರೈಲುಗಳು ಪಕ್ಕದ ಹೊಸ ಕಟ್ಟಡದಿಂದ ಹೊರಡುತ್ತವೆ, ಹಳೆಯದರಲ್ಲಿ ಕಲಾಪ್ರದರ್ಶನಗಳು ನಡೆಯುತ್ತವೆ. ಕೊರಿಯನ್ ಭಾಷೆಯ ಒಳನುಡಿಗಳ ಜಾಡು ಹಿಡಿದು ದಕ್ಷಿಣಕ್ಕೆ ಹೊರಟ ನಾನು ಮೊದಲು ನೋಡಬೇಕೆಂದುಕೊಂಡದ್ದು ಈ ಜಾಗವನ್ನೇ. 1945ರ ಸೆಪ್ಟೆಂಬರಿನಲ್ಲಿ, ಜಪಾನ್ ಸೋತ ಕೆಲವೇ ವಾರಗಳಲ್ಲಿ, ಈ ನಿಲ್ದಾಣದ ಸರಕು ಗೋದಾಮಿನಲ್ಲಿ ಒಂದು ನಿಘಂಟಿನ ಕೈಬರಹದ ಕಟ್ಟುಗಳು ಸಿಕ್ಕವು. 1929ರಲ್ಲಿ ಶುರುವಾದ ಕೆಲಸವದು. ಕೊರಿಯನ್ ಭಾಷಾ ಸಂಘದವರು ತಮ್ಮ ಪತ್ರಿಕೆಯ ಮೂಲಕ ಮನವಿ ಮಾಡಿ, ನಾಡಿನ ಮೂಲೆಮೂಲೆಯಿಂದ ಊರ ಮಾತುಗಳನ್ನು ತರಿಸಿಕೊಂಡು ಕೂಡಿಹಾಕಿದ್ದರು. 1942ರಲ್ಲಿ ಪೊಲೀಸರು ಸಂಘದವರನ್ನು ಬಂಧಿಸಿ ಹಸ್ತಪ್ರತಿಯನ್ನು ಸಾಕ್ಷ್ಯವೆಂದು ಹೊತ್ತೊಯ್ದರು. ಇ ಯುನ್‌ಜೆ ಮತ್ತು ಹಾನ್ ಜಿಂಗ್ ಎಂಬ ಇಬ್ಬರು ವಿದ್ವಾಂಸರು ಸೆರೆಮನೆಯಲ್ಲೇ ಸತ್ತರು. ಸಿಕ್ಕ ಕಟ್ಟುಗಳಿಂದಲೇ 1947ರಿಂದ 1957ರವರೆಗೆ ಆರು ಸಂಪುಟಗಳ ದೊಡ್ಡ ನಿಘಂಟು ಹೊರಬಂತು.

ಈ ಕಥೆಯನ್ನು ಕೊರಿಯಾದಲ್ಲಿ ಪ್ರಮಾಣ ಭಾಷೆಯ ವಿಜಯವೆಂದು ಹೇಳುವುದು ರೂಢಿ. ಅದು ನಿಜವೂ ಹೌದು. ಆದರೆ ಆ ನಿಘಂಟಿಗೆ ಹಳ್ಳಿಗಳಿಂದ ಬಂದ ಮಾತು ಎಷ್ಟು ಬೇಕಾಯಿತು ಎನ್ನುವುದನ್ನು ಅದೇ ಉಸಿರಿನಲ್ಲಿ ನೆನೆಯಬೇಕು. ಪ್ರಾಂತ್ಯಗಳ ನುಡಿಯನ್ನು ಅಲ್ಲಿ 'ಸಾತುರಿ' ಎನ್ನುತ್ತಾರೆ, ಪ್ರಮಾಣ ಭಾಷೆಯನ್ನು 'ಪ್ಯೊಜುನೊ'. ಸಾತುರಿ ಎಂದರೆ ಸಿಯೋಲಿನ ಮಾತಿನಿಂದ ದಾರಿ ತಪ್ಪಿದ ನುಡಿ ಎಂಬ ನಂಬಿಕೆ ಶಾಲೆ, ದೂರದರ್ಶನ, ಉದ್ಯೋಗದ ಸಂದರ್ಶನಗಳಲ್ಲೆಲ್ಲ ಬೇರುಬಿಟ್ಟಿದೆ. ಸಿಯೋಲಿನಿಂದ ಬುಸಾನ್, ಅಲ್ಲಿಂದ ಪಶ್ಚಿಮಕ್ಕೆ ತಿರುಗಿ ಮೊಕ್ಪೊ, ಕೊನೆಗೆ ಕಡಲು ದಾಟಿ ಜೆಜು: ಈ ದಾರಿಯುದ್ದಕ್ಕೂ ನನಗೆ ಕಾಣುವುದು ಇದಕ್ಕೆ ವಿರುದ್ಧವಾದದ್ದು. ಭಾಷೆಯ ಹಳೆಯ ಆಸ್ತಿಯನ್ನು ಕಳೆದುಕೊಂಡದ್ದು ರಾಜಧಾನಿ, ಕಾಯ್ದುಕೊಂಡದ್ದು ಪ್ರಾಂತ್ಯಗಳು.

ಮೊದಲು ಸಿಯೋಲನ್ನೇ ನೋಡೋಣ. 1933ರಲ್ಲಿ ಭಾಷಾ ಸಂಘ ಕಾಗುಣಿತದ ನಿಯಮಗಳನ್ನು ಒಗ್ಗೂಡಿಸಿದಾಗ, ಪ್ರಮಾಣ ಭಾಷೆ ಎಂದರೆ ಸಿಯೋಲಿನ ಮಧ್ಯಮ ವರ್ಗದವರು ಇಂದು ಆಡುವ ಮಾತು ಎಂಬ ಅರ್ಥದ ವ್ಯಾಖ್ಯೆ ಕೊಟ್ಟಿತು. 1988ರ ಸರಕಾರಿ ನಿಯಮ ಅದನ್ನು ತಿದ್ದಿ, ಸುಸಂಸ್ಕೃತರು ವ್ಯಾಪಕವಾಗಿ ಬಳಸುವ ಆಧುನಿಕ ಸಿಯೋಲ್ ನುಡಿ ಎಂದಿತು. ವರ್ಗದ ಜಾಗಕ್ಕೆ ಸಂಸ್ಕಾರ ಬಂತು, ಊರು ಮಾತ್ರ ಕದಲಲಿಲ್ಲ. ಆದರೆ ಆ ನಿಯಮದ ಉಚ್ಚಾರಣೆಯನ್ನು ಸಿಯೋಲಿನ ಕಿರಿಯರೇ ಪಾಲಿಸುವುದಿಲ್ಲ. ನಿಯಮ ಹ್ರಸ್ವ ದೀರ್ಘಗಳ ಭೇದವನ್ನು ವಿಧಿಸುತ್ತದೆ. ಅವರ ಬಾಯಲ್ಲಿ ಅದು ಅಳಿದಿದೆ. ನಿಯಮ ಎರಡು ಬಗೆಯ 'ಎ' ಸ್ವರಗಳನ್ನು ಬೇರೆಬೇರೆಯಾಗಿ ಹೇಳಿರೆನ್ನುತ್ತದೆ. ಅವೆರಡೂ ಒಂದಾಗಿ ಬಹಳ ಕಾಲವಾಯಿತು. ಇನ್ನೂ ಆಳದ ಬದಲಾವಣೆಯೊಂದು ನಡೆದಿದೆ. ಅಲ್ಪಪ್ರಾಣ ಮಹಾಪ್ರಾಣಗಳ ನಡುವೆ ಉಸಿರಿನ ಅಂತರ ಕಿರಿಯರಲ್ಲಿ ಕುಗ್ಗುತ್ತಾ ಬಂದು, ಮಹಾಪ್ರಾಣದ ನಂತರದ ಸ್ವರವನ್ನು ಎತ್ತರದ ದನಿಯಲ್ಲಿ ಹೇಳಿ ಭೇದ ತೋರಿಸುವುದು ಹೆಚ್ಚಾಗಿದೆ. ಇದನ್ನು ಧ್ವನಿವಿಜ್ಞಾನಿಗಳು ಅಳೆದು ದಾಖಲಿಸಿದ್ದಾರೆ. ಇತ್ತ ಹಳೆಯ ಸಿಯೋಲಿಗರು 'ಗೊ' ಎಂಬ ಪ್ರತ್ಯಯವನ್ನು 'ಗು' ಎನ್ನುತ್ತಿದ್ದರು. ಆ ಅಪ್ಪಟ ಸಿಯೋಲ್ ಉಚ್ಚಾರಣೆಗೂ ನಿಯಮದಲ್ಲಿ ಜಾಗವಿಲ್ಲ. ಹಾಗಾದರೆ ಪ್ರಮಾಣ ಭಾಷೆ ಯಾವ ಊರಿನದು? ಯಾವ ಊರಿನದೂ ಅಲ್ಲ. ಅದು ಬರವಣಿಗೆಗಾಗಿ ಮಾಡಿಕೊಂಡ ಒಪ್ಪಂದ. ಒಪ್ಪಂದವಾಗಿ ಅದು ಬಹಳ ಒಳ್ಳೆಯದು, ಆದರೆ ಬೇರೆ ನುಡಿಗಳನ್ನು ತೂಗುವ ತಕ್ಕಡಿಯಾಗಲು ಅದಕ್ಕೆ ಅರ್ಹತೆಯಿಲ್ಲ.

2004ರಲ್ಲಿ ಶುರುವಾದ ವೇಗದ ರೈಲು ಸಿಯೋಲಿನಿಂದ ಬುಸಾನಿಗೆ ಎರಡೂವರೆ ಗಂಟೆಯ ಆಸುಪಾಸಿನಲ್ಲಿ ತಲುಪಿಸುತ್ತದೆ. ನಡುವೆ ಡೇಜಾನ್ ಬರುತ್ತದೆ, ಅದು ಚುಂಗ್‌ಚಾಂಗ್ ಸೀಮೆ. ಅಲ್ಲಿಯವರು ಮಾತನ್ನು ನಿಧಾನಕ್ಕೆ ಎಳೆದು 'ಯು' ಎಂದು ಮುಗಿಸುತ್ತಾರೆಂಬುದು ನಾಡಿಗೆಲ್ಲ ಗೊತ್ತು. ರೈಲು ಡೇಗು ದಾಟುವ ಹೊತ್ತಿಗೆ ಗ್ಯೊಂಗ್‌ಸಾಂಗ್ ಸೀಮೆಯೊಳಗಿರುತ್ತೇವೆ. ನನ್ನ ವಾದದ ಮೊದಲ ಗಟ್ಟಿ ಸಾಕ್ಷ್ಯ ಇಲ್ಲಿದೆ. ದೊರೆ ಸೆಜಾಂಗ್ 1443ರಲ್ಲಿ ರೂಪಿಸಿ 1446ರಲ್ಲಿ ಪ್ರಕಟಿಸಿದ ಹಂಗುಲ್ ಲಿಪಿಯಲ್ಲಿ ಅಕ್ಷರದ ಎಡಕ್ಕೆ ಚುಕ್ಕಿ ಇಟ್ಟು ದನಿ ತೋರಿಸುವ ಪದ್ಧತಿಯಿತ್ತು. ಒಂದು ಚುಕ್ಕಿ ಇದ್ದರೆ ಎತ್ತರದ ದನಿ, ಎರಡಿದ್ದರೆ ಏರುವ ದನಿ, ಇಲ್ಲದಿದ್ದರೆ ತಗ್ಗಿನ ದನಿ. ಹದಿನಾರನೆಯ ಶತಮಾನ ಮುಗಿಯುವಷ್ಟರಲ್ಲಿ ರಾಜಧಾನಿಯ ಬಾಯಿಂದ ಈ ದನಿಭೇದ ಮರೆಯಾಯಿತು, ಚುಕ್ಕಿಗಳೂ ಪುಸ್ತಕಗಳಿಂದ ಮರೆಯಾದವು. ಡೇಗು ಬುಸಾನುಗಳಲ್ಲಿ ಅದು ಇಂದಿಗೂ ಜೀವಂತ. ಅಂಕಿ ಎರಡಕ್ಕೂ ಇಂಗ್ಲಿಷಿನ 'ಇ' ಅಕ್ಷರಕ್ಕೂ ಕೊರಿಯನ್ನಿನಲ್ಲಿ ಒಂದೇ ಸದ್ದು. ಎರಡರ ಎರಡನೆಯ ಘಾತ, ಎರಡರ ಇ-ಘಾತ, ಇ-ಯ ಎರಡನೆಯ ಘಾತ, ಇ-ಯ ಇ-ಘಾತ ಎಂಬ ನಾಲ್ಕನ್ನು ಸಿಯೋಲಿನವರು ಒಂದೇ ಬಗೆಯಾಗಿ ಹೇಳಿದರೆ, ಗ್ಯೊಂಗ್‌ಸಾಂಗಿನವರು ದನಿಯಿಂದಲೇ ನಾಲ್ಕನ್ನೂ ಬೇರ್ಪಡಿಸುತ್ತಾರೆ. ಪ್ರಶ್ನೆ ಕೇಳುವುದರಲ್ಲೂ ಹಾಗೆಯೇ. ಹೌದು, ಇಲ್ಲ ಎಂದು ಉತ್ತರಿಸಬಹುದಾದ ಪ್ರಶ್ನೆ 'ನಾ' ಎಂದು ಮುಗಿಯುತ್ತದೆ. ಏನು, ಯಾರು, ಎಲ್ಲಿ ಎಂದು ಕೇಳುವ ಪ್ರಶ್ನೆ 'ನೊ' ಎಂದು. ಹದಿನೈದನೆಯ ಶತಮಾನದ ಗ್ರಂಥಗಳಲ್ಲಿ ಇಂಥದೇ ಜೋಡಿ ಇದೆ. ಸಿಯೋಲಿನಲ್ಲಿ ಇಲ್ಲ.

ಈ ದನಿಭೇದ ಕೇವಲ ರಾಗ, ವ್ಯಾಕರಣವಲ್ಲ ಎಂದು ಆಕ್ಷೇಪಿಸುವವರಿದ್ದಾರೆ. ದನಿ ಬದಲಾದರೆ ಪದದ ಅರ್ಥವೇ ಬದಲಾಗುವಲ್ಲಿ ಅದನ್ನು ರಾಗವೆಂದು ತಳ್ಳಿಹಾಕಲಾಗದು. ಇನ್ನೊಂದು ಆಕ್ಷೇಪಕ್ಕೆ ಹೆಚ್ಚು ತೂಕವಿದೆ: ಗ್ಯೊಂಗ್‌ಸಾಂಗ್ ನುಡಿ ಸಹ ಐದು ಶತಮಾನಗಳಲ್ಲಿ ಬದಲಾಗಿದೆ, ಅದನ್ನು ಸೆಜಾಂಗನ ಕಾಲದ ಪಡಿಯಚ್ಚು ಎನ್ನಬಾರದು. ಒಪ್ಪುತ್ತೇನೆ. ಅಂದಿನ ಎತ್ತರ ಇಂದಿನ ಎತ್ತರವೇ ಆಗಿ ಉಳಿದಿಲ್ಲ. ಆದರೆ ಚುಕ್ಕಿಗಳಿಗೂ ಇಂದಿನ ದನಿಗಳಿಗೂ ನಿಯಮಬದ್ಧವಾದ ಹೊಂದಿಕೆಯಿದೆ, ಸಂಶೋಧಕರು ಹಳೆಯ ದನಿವ್ಯವಸ್ಥೆಯನ್ನು ಅರಿಯಲು ಈ ಸೀಮೆಯ ಮಾತನ್ನು ಆಸರೆಯಾಗಿ ಬಳಸಿರುವುದು ಅದರಿಂದಲೇ. ನೆರವಿಗೆ ಬರುವ ಇನ್ನೊಂದು ಸೀಮೆ ಉತ್ತರ ಕೊರಿಯಾದ ಹಾಮ್‌ಗ್ಯೊಂಗ್. ದಕ್ಷಿಣದ ರೈಲು ಹೋಗಲಾರದ ಕಡೆ. ಆ ಸೀಮೆಯ ನುಡಿ ಇನ್ನೂ ದೂರ ಹೋಗಿದೆ. 1937ರಲ್ಲಿ ಸ್ಟಾಲಿನ್ ಸೋವಿಯತ್ ಪೂರ್ವಗಡಿಯಿಂದ ಸುಮಾರು 1,70,000 ಕೊರಿಯನ್ನರನ್ನು ಎಬ್ಬಿಸಿ ಕಜಕಸ್ತಾನ, ಉಜ್ಬೇಕಿಸ್ತಾನಗಳಿಗೆ ಅಟ್ಟಿದಾಗ ಅವರೊಡನೆ ಹೋದ ಮಾತು ಬಹುಮಟ್ಟಿಗೆ ಅದೇ.

ಬುಸಾನಿನಿಂದ ಪಶ್ಚಿಮಕ್ಕೆ ಹೊರಟರೆ ಹಾದೊಂಗ್ ಸಿಗುತ್ತದೆ, ಅಲ್ಲಿ ಸೊಮ್‌ಜಿನ್ ನದಿ. ಈಚೆ ದಡ ಗ್ಯೊಂಗ್‌ಸಾಂಗ್, ಆಚೆ ಜೊಲ್ಲಾ. ನದಿದಂಡೆಯ ಹ್ವಾಗೆ ಸಂತೆಗೆ ಎರಡೂ ಕಡೆಯವರು ಬರುತ್ತಿದ್ದರು, ಎರಡೂ ನುಡಿಗಳು ಅಲ್ಲಿ ಬೆರೆಯುತ್ತಿದ್ದವು. ಹಾದೊಂಗಿನ ಬಯಲಲ್ಲಿ ಪಾಕ್ ಕ್ಯೊಂಗ್‌ನಿ 1969ರಿಂದ 1994ರವರೆಗೆ ಬರೆದ 'ತೋಜಿ' ಕಾದಂಬರಿಯ ಕಥೆ ತೊಡಗುತ್ತದೆ. ಪಾತ್ರಗಳು ಆಡುವುದು ಆ ಸೀಮೆಯ ಮಾತನ್ನೇ. ನದಿಯಾಚೆ ಬೊಲ್‌ಗ್ಯೊ ಊರನ್ನು ನಡುವಿಟ್ಟುಕೊಂಡು ಜೊ ಜಾಂಗ್‌ನೆ 'ತೆಬೆಕ್ ಸಾನ್‌ಮೆಕ್' ಬರೆದರು, ಅದರ ಪಾತ್ರಗಳದು ಜೊಲ್ಲಾ ನುಡಿ. ಆಧುನಿಕ ಕೊರಿಯನ್ ಸಾಹಿತ್ಯದ ಎರಡು ಮಹಾಕೃತಿಗಳು ಸಾತುರಿಯಿಲ್ಲದೆ ನಿಲ್ಲಲಾರವು. ಜೊಲ್ಲಾದ ಹಿರಿಯರು ಸ್ವರದ ಹ್ರಸ್ವ ದೀರ್ಘ ಭೇದವನ್ನು ಉಳಿಸಿಕೊಂಡಿದ್ದಾರೆ, ಅಂದರೆ ನಿಯಮಪುಸ್ತಕದ ಉಚ್ಚಾರಣೆಗೆ ಈ ವಿಷಯದಲ್ಲಿ ಸಿಯೋಲಿನ ಯುವಕರಿಗಿಂತ ಅವರೇ ಹತ್ತಿರ. ಒಬ್ಬ ಗಾಯಕ, ಒಬ್ಬ ಮದ್ದಳೆಗಾರ ಸೇರಿ ತಾಸುಗಟ್ಟಲೆ ಕಥೆ ಹಾಡುವ ಪಾನ್ಸೊರಿ ಕಲೆಯ ಮೈತುಂಬ ಇರುವುದೂ ಜೊಲ್ಲಾ ನುಡಿಯೇ. ಯುನೆಸ್ಕೊ 2003ರಲ್ಲಿ ಅದನ್ನು ಮನುಕುಲದ ಪರಂಪರೆಯೆಂದು ಗೌರವಿಸಿತು.

ಇಷ್ಟಿದ್ದೂ ಸಿನಿಮಾ, ಧಾರಾವಾಹಿಗಳಲ್ಲಿ ಜೊಲ್ಲಾ ನುಡಿ ಬಹುಕಾಲ ರೌಡಿಗಳ, ಮನೆಗೆಲಸದವರ ಬಾಯಿಗೆ ಮೀಸಲಾಗಿತ್ತು. ಕಾರಣ ಅದರ ಸದ್ದಿನಲ್ಲಿ ಸಿಗುವುದಿಲ್ಲ, ಅಧಿಕಾರದ ಚರಿತ್ರೆಯಲ್ಲಿ ಸಿಗುತ್ತದೆ. ಪಾರ್ಕ್ ಚುಂಗ್-ಹೀ, ಚುನ್ ಡೂ-ಹ್ವಾನ್, ರೋಹ್ ಟೇ-ವೂ, ಮೂವರು ಸೇನಾನಿ ಅಧ್ಯಕ್ಷರೂ ಗ್ಯೊಂಗ್‌ಸಾಂಗಿನವರು. ಕಾರ್ಖಾನೆಗಳೂ ಹೆದ್ದಾರಿಗಳೂ ಹೆಚ್ಚಾಗಿ ಆ ಕಡೆ ಹೋದವು. ಜೊಲ್ಲಾದ ಜನ ಕೆಲಸ ಹುಡುಕಿ ರಾಜಧಾನಿಗೆ ಬಂದರು, 1980ರ ಮೇ ತಿಂಗಳಲ್ಲಿ ಅದೇ ಸೀಮೆಯ ಗ್ವಾಂಗ್ಜು ನಗರದಲ್ಲಿ ಅನೇಕರು ಸೈನ್ಯದ ಗುಂಡಿಗೆ ಬಲಿಯಾದರು. ಒಂದೇ ಪ್ರಮಾಣ ಭಾಷೆಯಿಂದ ಹೊರಗಿದ್ದ ಎರಡು ಸಾತುರಿಗಳಲ್ಲಿ ಒಂದು ಅಧಿಕಾರದ ಓಣಿಗಳಲ್ಲಿ ಧೈರ್ಯವಾಗಿ ಕೇಳಿಸಿತು, ಇನ್ನೊಂದನ್ನು ಆಡುವವರು ಬಾಯಿಗೆ ಬೀಗ ಹಾಕಿಕೊಳ್ಳಬೇಕಾಯಿತು. ನುಡಿಯ ಯೋಗ್ಯತೆಯನ್ನು ನುಡಿಯೇ ನಿರ್ಧರಿಸುವುದಿಲ್ಲ ಎನ್ನಲು ಇಷ್ಟು ಸಾಕು.

ಈಗ ಅತಿ ಗಂಭೀರವಾದ ಪ್ರತಿವಾದಕ್ಕೆ ಬರುತ್ತೇನೆ. ಪ್ರಮಾಣ ಭಾಷೆ ಇಲ್ಲದಿದ್ದರೆ ವಸಾಹತು ಆಳ್ವಿಕೆಯಲ್ಲಿ ಕೊರಿಯನ್ ಭಾಷೆಯೇ ಉಳಿಯುತ್ತಿರಲಿಲ್ಲ. ಶಾಲೆ, ಕಾನೂನು, ಪತ್ರಿಕೆಗಳಿಗೆ ಒಂದು ಸಾಮಾನ್ಯ ರೂಪ ಬೇಕೇ ಬೇಕು. ನಾಡು ಇಬ್ಭಾಗವಾಗಿ ಉತ್ತರದವರು 1966ರಿಂದ ಪ್ಯೊಂಗ್ಯಾಂಗ್ ನುಡಿಯನ್ನು ಆಧಾರವಾಗಿಟ್ಟು ತಮ್ಮದೇ 'ಮುನ್‌ಹ್ವಾವೊ' ಕಟ್ಟಿಕೊಂಡಿರುವಾಗ ದಕ್ಷಿಣ ಇನ್ನೂ ಚದುರಬಾರದು. ಸೆರೆಯಲ್ಲಿ ಸತ್ತ ವಿದ್ವಾಂಸರನ್ನು ನೆನೆದವರು ಈ ಮಾತನ್ನು ಹಗುರವಾಗಿ ಕಾಣಲಾರರು, ನಾನೂ ಕಾಣುವುದಿಲ್ಲ. 2006ರಲ್ಲಿ ಪ್ರಾಂತ್ಯಗಳ ನಾಗರಿಕರು ಸಂವಿಧಾನ ನ್ಯಾಯಾಲಯಕ್ಕೆ ಹೋದರು. ಸಿಯೋಲ್ ನುಡಿಯನ್ನೇ ಪ್ರಮಾಣವೆಂದು ಸಾರಿ ಪಠ್ಯಪುಸ್ತಕ, ಸರಕಾರಿ ದಾಖಲೆಗಳನ್ನು ಅದರಲ್ಲೇ ಬರೆಯಬೇಕೆನ್ನುವುದು ತಮ್ಮ ಹಕ್ಕಿಗೆ ಧಕ್ಕೆ ಎಂಬುದು ಅವರ ದೂರು. 2009ರ ಮೇ ತಿಂಗಳಲ್ಲಿ ನ್ಯಾಯಾಲಯ ಅದನ್ನು ಒಪ್ಪಲಿಲ್ಲ. ಇಬ್ಬರು ನ್ಯಾಯಮೂರ್ತಿಗಳು ಮಾತ್ರ ಭಿನ್ನಮತ ಬರೆದರು. ಸಾಮಾನ್ಯ ರೂಪವೊಂದು ಬೇಕೆನ್ನುವಲ್ಲಿ ಬಹುಮತ ಸರಿ. ಆದರೆ ಸಾಮಾನ್ಯ ರೂಪ ಬೇಕು ಎನ್ನುವುದರಿಂದ ಅದಕ್ಕೆ ಒಂದೇ ಊರಿನ ಹೆಸರಿರಬೇಕು, ಅದನ್ನಾಡುವವರೇ ಸುಸಂಸ್ಕೃತರು ಎಂಬುದು ಹೊರಡುವುದಿಲ್ಲ. ಬರವಣಿಗೆಯ ಏಕತೆಯನ್ನು ಕಾಯಲು ಮಾತಿನ ಬಗ್ಗೆ ನಾಚಿಕೆ ಹುಟ್ಟಿಸುವ ಅಗತ್ಯವಿಲ್ಲ. ನಿಯಮ ಬಗ್ಗಬಲ್ಲದು ಎಂಬುದಕ್ಕೂ ಸಾಕ್ಷ್ಯವಿದೆ: 2011ರಲ್ಲಿ ರಾಷ್ಟ್ರೀಯ ಭಾಷಾ ಸಂಸ್ಥೆ ಜನರ ಬಾಯಲ್ಲಿದ್ದ 39 ರೂಪಗಳನ್ನು ಪ್ರಮಾಣವೆಂದು ಒಪ್ಪಿಕೊಂಡಿತು.

ಮೊಕ್ಪೊ ಬಂದರಿನಿಂದ ಹಡಗು ಹತ್ತಿದರೆ ಕೆಲವು ತಾಸುಗಳಲ್ಲಿ ಜೆಜು. ದ್ವೀಪದ ನಡುವೆ 1,947 ಮೀಟರ್ ಎತ್ತರದ ಹಾಲ್ಲಾ ಪರ್ವತ, ಸುತ್ತ ಕಪ್ಪು ಲಾವಾ ಕಲ್ಲಿನ ಗೋಡೆಗಳು. 1105ರವರೆಗೆ ಇದು ತಾಮ್ನಾ ಎಂಬ ಪ್ರತ್ಯೇಕ ರಾಜ್ಯ. ಆಮೇಲೆ ಸುಮಾರು ಒಂದು ಶತಮಾನ ಮಂಗೋಲರ ಹಿಡಿತದಲ್ಲಿತ್ತು, ಕುದುರೆಗಳಿಗೆ ಸಂಬಂಧಿಸಿದ ಮಂಗೋಲ್ ಪದಗಳು ಅದರಿಂದ ಉಳಿದಿವೆ. 'ಆರೆ-ಆ' ಎಂಬ ಹಳೆಯ ಸ್ವರವೊಂದನ್ನು ಸೆಜಾಂಗ್ ಒಂದೇ ಚುಕ್ಕಿಯಿಂದ ಬರೆದಿದ್ದ. 1933ರ ಕಾಗುಣಿತ ಆ ಅಕ್ಷರವನ್ನು ಕೈಬಿಟ್ಟಿತು. ಜೆಜುವಿನ ಹಿರಿಯರ ಬಾಯಲ್ಲಿ ಆ ಸ್ವರ ಇನ್ನೂ ಇದೆ, ಅಂಗಡಿ ಹೋಟೆಲುಗಳ ಬೋರ್ಡುಗಳ ಮೇಲೆ ಆ ಅಕ್ಷರವೂ ಕಾಣುತ್ತದೆ. ಕ್ರಿಯಾಪದದ ಪ್ರತ್ಯಯಗಳಂತೂ ಮುಖ್ಯಭೂಮಿಗಿಂತ ಬಹಳ ಬೇರೆ. ಸಿಯೋಲ್, ಬುಸಾನಿನವರಿಗೆ ಜೆಜು ಮಾತನ್ನು ಕೇಳಿಸಿ ಭಾಷಾವಿಜ್ಞಾನಿಗಳು ಪರೀಕ್ಷಿಸಿದಾಗ ಅವರಿಗೆ ಅರ್ಥವಾದದ್ದು ಹತ್ತರಲ್ಲಿ ಒಂದು ಪಾಲಿನ ಆಸುಪಾಸು. ಹಾಗಾಗಿ ಇದನ್ನು ಉಪಭಾಷೆ ಎನ್ನದೆ ಕೊರಿಯನ್ನಿನ ಸೋದರಭಾಷೆ ಎನ್ನುವುದೇ ಸರಿ ಎಂದು ನನಗನ್ನಿಸುತ್ತದೆ. 2010ರಲ್ಲಿ ಯುನೆಸ್ಕೊ ಇದನ್ನು ಅಳಿವಿಗೆ ಮುಂಚಿನ ಕೊನೆಯ ಹಂತದ ಭಾಷೆಗಳ ಪಟ್ಟಿಗೆ ಸೇರಿಸಿತು. ಅಳಿವಿಗೆ ಶಾಲೆಯೊಂದೇ ಕಾರಣವಲ್ಲ. 1948ರ ಏಪ್ರಿಲ್ 3ರ ಬಂಡಾಯ ಮತ್ತು ಅದರ ದಮನದ ವರ್ಷಗಳಲ್ಲಿ 25,000ದಿಂದ 30,000 ದ್ವೀಪವಾಸಿಗಳು ಸತ್ತರೆಂದು ಅಂದಾಜು. ಅನೇಕರು ಜಪಾನಿನ ಒಸಾಕಾಕ್ಕೆ ಓಡಿಹೋದರು.

ಸಾತುರಿಗೆ ಈಗ ಬೇಡಿಕೆ ಬಂದಿದೆ, ಚಿಂತೆ ಏಕೆ ಎನ್ನುವವರು ಸಿನಿಮಾಗಳತ್ತ ಕೈತೋರುತ್ತಾರೆ. ಆ ದುರಂತವನ್ನೇ ಕುರಿತ, ಜೆಜು ನುಡಿಯಲ್ಲಿ ತೆಗೆದ 'ಜಿಸುಲ್' ಚಿತ್ರ 2013ರಲ್ಲಿ ಸನ್‌ಡಾನ್ಸ್ ಉತ್ಸವದ ದೊಡ್ಡ ಪ್ರಶಸ್ತಿ ಪಡೆಯಿತು. ಅದನ್ನು ಕೊರಿಯಾದಲ್ಲೇ ತೋರಿಸಲು ಪ್ರಮಾಣ ಭಾಷೆಯ ಅಡಿಬರಹ ಬೇಕಾಯಿತು. ಇಂಥ ಚಿತ್ರಗಳಿಂದ ನುಡಿಯ ಮರ್ಯಾದೆ ಹೆಚ್ಚುತ್ತದೆ, ಅದು ಸಣ್ಣ ಲಾಭವಲ್ಲ. ಆದರೆ ನಟರು ಕಲಿತು ಒಪ್ಪಿಸುವುದು ಕೆಲವು ಪ್ರತ್ಯಯಗಳನ್ನು, ಒಂದಷ್ಟು ಏರಿಳಿತವನ್ನು; ಪ್ರಶ್ನೆಯ ಎರಡು ರೂಪ, ದನಿಯ ಭೇದ, ಚುಕ್ಕಿಯ ಸ್ವರ ಇವು ಮಗು ಅಜ್ಜಿಯೊಡನೆ ದಿನವೂ ಮಾತಾಡಿದರೆ ಮಾತ್ರ ಮುಂದಿನ ತಲೆಮಾರಿಗೆ ದಾಟುತ್ತವೆ. ಜೆಜು ಪ್ರಾಂತ್ಯ 2007ರಲ್ಲೇ ತನ್ನ ನುಡಿಯ ರಕ್ಷಣೆಗೆ ಕಟ್ಟಳೆ ಮಾಡಿಕೊಂಡಿತು. ದ್ವೀಪದ ಕಟ್ಟಳೆ ದ್ವೀಪದಲ್ಲಷ್ಟೇ ನಡೆಯುತ್ತದೆ, ರಾಷ್ಟ್ರದ ನಿಯಮ ಎಲ್ಲೆಡೆ. 1988ರ ವ್ಯಾಖ್ಯೆಯಿಂದ 'ಸಿಯೋಲ್', 'ಸುಸಂಸ್ಕೃತ' ಎಂಬ ಎರಡು ಪದಗಳನ್ನು ತೆಗೆದು, ನಾಡಿನವರೆಲ್ಲ ಬರವಣಿಗೆಗೆ ಒಪ್ಪಿಕೊಂಡ ಸಾಮಾನ್ಯ ರೂಪ ಎಂದಷ್ಟೇ ಹೇಳಿದರೆ ಪಠ್ಯಪುಸ್ತಕದ ಒಂದು ಸಾಲೂ ಬದಲಾಗಬೇಕಿಲ್ಲ. ಗ್ವಾಂಗ್ಜುವಿನ ಹುಡುಗಿ ಉದ್ಯೋಗದ ಸಂದರ್ಶನದಲ್ಲಿ ತನ್ನ ಊರಿನ ಮಾತನ್ನೇ ಆಡಿದರೆ, ಅವಳನ್ನು ಅಸಂಸ್ಕೃತಳೆನ್ನಲು ಯಾರಿಗೂ ಸರಕಾರದ ಪುಸ್ತಕದ ಬೆಂಬಲ ಇರುವುದಿಲ್ಲ.